ಗೋಡೆಗೆ ಕಿವಿಯುಂಟೆ? ಓದುಗರೊಬ್ಬರ ಪತ್ರಕ್ಕೆ ಸಂಪಾದಕರ ಉತ್ತರ

ಮಾನ್ಯರೆ,

ಹಳೆಯ ಕಟ್ಟಡಗಳ ಗೋಡೆಗಳಲ್ಲಿ ಅಡಗಿರುವ ಮಾತುಗಳನ್ನು ಹೊರತೆಗೆಯುವ ಸಂಶೋಧನಾ ಸಂಸ್ಥೆಯೊಂದರ ‘ವಾರ್ಷಿಕ ವರದಿ’ಯನ್ನು ಕಳೆದ ಸಂಚಿಕೆಯಲ್ಲಿ ಓದಿ ತಾವು ಬರೆದ ಪತ್ರ ತಲುಪಿದೆ. ತಮ್ಮ ತಾಯಿಯವರು ಕೊನೆಯ ವರ್ಷಗಳನ್ನು ಕಳೆದ ಕೋಣೆಯನ್ನು ಕೆಲವೇ ವಾರಗಳಲ್ಲಿ ಕೆಡವಲಿದ್ದಾರೆಂದೂ, ಅವರ ದನಿಯ ಧ್ವನಿಮುದ್ರಣ ಒಂದೂ ಉಳಿದಿಲ್ಲವೆಂದೂ, ಗೋಡೆಯ ಗಾರೆಯ ತುಂಡೊಂದನ್ನು ಆ ಸಂಸ್ಥೆಗೆ ಕಳುಹಿಸಲು ವಿಳಾಸ ಬೇಕೆಂದೂ ಕೇಳಿದ್ದೀರಿ.

ವಿಳಾಸವಿಲ್ಲ. ಆ ಸಂಸ್ಥೆ ಕತೆಗಾರರ ಕಲ್ಪನೆ. ವರದಿಯ ವೇಷ ತೊಟ್ಟ ಕತೆ ಅದು. ‘ಕತೆ’ ಎಂಬ ಪದ ಪರಿವಿಡಿಯಲ್ಲಿ ಮಾತ್ರ ಇದ್ದು ಪುಟದ ನೆತ್ತಿಯ ಮೇಲೆ ಬಿಟ್ಟುಹೋದದ್ದು ನಮ್ಮ ತಪ್ಪು. ಉಪಕರಣಗಳ ಪಟ್ಟಿ, ಆಯವ್ಯಯ, ಅನುಬಂಧಗಳೆಲ್ಲ ಇದ್ದ ಆ ಬರಹವನ್ನು ನಿಜವೆಂದು ನಂಬಿದವರು ತಾವೊಬ್ಬರೇ ಅಲ್ಲ. ಉತ್ತರವನ್ನು ಇಲ್ಲಿಗೇ ಮುಗಿಸಬಹುದಿತ್ತು. ಆದರೆ ಸಂಸ್ಥೆ ಇರಲಿ ಬಿಡಲಿ, ಅಂಥ ಕೆಲಸ ಸಾಧ್ಯವೇ ಎಂಬ ತಮ್ಮ ಎರಡನೆಯ ಪ್ರಶ್ನೆಯನ್ನು ಹಾಗೆ ದಾಟಿಸಲು ಮನಸ್ಸಾಗಲಿಲ್ಲ.

ಇದನ್ನು ತಮಗಿಂತ ಮೊದಲು ಕೇಳಿದವರು ಸಾಮಾನ್ಯರಲ್ಲ. ಲೆಕ್ಕಮಾಡುವ ಯಂತ್ರಗಳನ್ನು ರೂಪಿಸಿದ ಚಾರ್ಲ್ಸ್ ಬ್ಯಾಬೇಜ್ 1837ರಲ್ಲಿ, ಮನುಷ್ಯ ಆಡಿದ ಪ್ರತಿಯೊಂದು ಮಾತೂ ಗಾಳಿಯ ಕಣಗಳನ್ನು ಕದಲಿಸುವುದರಿಂದ ವಾಯುಮಂಡಲವೇ ಒಂದು ಮಹಾ ಗ್ರಂಥಾಲಯವೆಂದು ವಾದಿಸಿದ್ದರು. ಒಂದು ಕದಲಿಕೆಯಿಂದ ಇನ್ನೊಂದು ಹುಟ್ಟುತ್ತ ಹೋಗುತ್ತದೆ, ಯಾವುದೂ ಪೂರ್ತಿ ಅಳಿಯುವುದಿಲ್ಲ ಎಂಬುದು ಅವರ ತರ್ಕ. ತರ್ಕ ಸುಂದರವಾಗಿದೆ, ಆದರೆ ಅದು ಶಾಖದ ಮುಂದೆ ಸೋಲುತ್ತದೆ. ಮಾತಿನ ಅಲೆ ಗಾರೆಯ ಸೂಕ್ಷ್ಮ ರಂಧ್ರಗಳಲ್ಲಿ ಹೊಕ್ಕು, ಅಲ್ಲಿನ ಗಾಳಿಯನ್ನು ಹಿಂದಕ್ಕೂ ಮುಂದಕ್ಕೂ ಉಜ್ಜಿ, ಆ ಘರ್ಷಣೆಯಲ್ಲೇ ಶಾಖವಾಗಿ ಕರಗುತ್ತದೆ. ಆ ಶಾಖವೂ ಎಷ್ಟರದು? ಸಾಮಾನ್ಯ ಮಾತುಕತೆಯಲ್ಲಿ ಬಾಯಿಂದ ಹೊರಡುವ ಧ್ವನಿಯ ಶಕ್ತಿ ಒಂದು ವ್ಯಾಟ್‌ನ ಲಕ್ಷದಲ್ಲೊಂದು ಪಾಲಿನಷ್ಟು. ಒಂದು ಲೋಟ ನೀರನ್ನು ಅದರಿಂದಲೇ ಕುದಿಸಬೇಕಾದರೆ 200 ವರ್ಷಗಳಿಗೂ ಹೆಚ್ಚು ಕಾಲ ಎಡೆಬಿಡದೆ ಮಾತಾಡಬೇಕು. ಗೋಡೆಯ ಅಣುಗಳು ತಮ್ಮಷ್ಟಕ್ಕೆ ತಾವೇ ಅದಕ್ಕಿಂತ ಎಷ್ಟೋ ಪಾಲು ಜೋರಾಗಿ ಸದಾ ಅದುರುತ್ತಿರುವಾಗ, ಆ ಮಾತಿನ ಪಾಲು ಯಾವುದೆಂದು ವಿಂಗಡಿಸುವ ಉಪಾಯವಿಲ್ಲ.

ವಿಶ್ವದ ಆದಿಯ ಪ್ರತಿಧ್ವನಿಯೇ ಈಗಲೂ ಸಿಗುವುದಾದರೆ ಹತ್ತಾರು ವರ್ಷ ಹಳೆಯ ದನಿ ಯಾಕೆ ಸಿಗಬಾರದು ಎಂದೂ ಕೇಳಿದ್ದೀರಿ. 1964ರಲ್ಲಿ ಪೆಂಜಿಯಾಸ್ ಮತ್ತು ವಿಲ್ಸನ್ ಎಂಬ ವಿಜ್ಞಾನಿಗಳು ತಮ್ಮ ಆಂಟೆನಾದಲ್ಲಿ ಗುರುತಿಸಿದ, ಪಾರಿವಾಳದ ಹಿಕ್ಕೆಯನ್ನು ಬಳಿದು ತೆಗೆದರೂ ಹೋಗದಿದ್ದ ಆ ಗೊರಗೊರ ಸದ್ದನ್ನು ಪ್ರತಿಧ್ವನಿ ಎಂದು ಕರೆಯುವುದು ನಮ್ಮಂಥ ಪತ್ರಿಕೆಯವರ ರೂಢಿ. ಅದು ಧ್ವನಿಯಲ್ಲ, ಬೆಳಕಿನ ಜಾತಿಯ ಅಲೆ. ದಾರಿಯುದ್ದಕ್ಕೂ ಶೂನ್ಯವೇ ಇದ್ದುದರಿಂದ ಅದನ್ನು ಹೀರುವವರಿರಲಿಲ್ಲ. ಧ್ವನಿಗೆ ಶೂನ್ಯದಲ್ಲಿ ನಡೆಯೇ ಇಲ್ಲ.

ದನಿ ಉಳಿಯಬೇಕಾದರೆ ಅದು ಹುಟ್ಟಿದ ಕ್ಷಣದಲ್ಲೇ ಯಾವುದಾದರೊಂದು ವಸ್ತು ಅದನ್ನು ಬರೆದುಕೊಂಡಿರಬೇಕು. ಪ್ಯಾರಿಸ್ಸಿನ ಎದುವಾರ್-ಲಿಯೋನ್ ಸ್ಕಾಟ್ ದ ಮಾರ್ಟಿನ್‌ವಿಲ್ 1857ರಲ್ಲಿ ಪೇಟೆಂಟ್ ಹಕ್ಕು ಪಡೆದ ಯಂತ್ರ ಹಾಗೆ ಬರೆದುಕೊಳ್ಳುತ್ತಿತ್ತು. ದೀಪದ ಮಸಿ ಹಿಡಿಸಿದ ಕಾಗದದ ಮೇಲೆ, ತೆಳು ಪೊರೆಗೆ ಅಂಟಿಸಿದ ಗಡುಸು ಕೂದಲೊಂದು ಮಾತಿನ ಅದುರಿಗೆ ತಕ್ಕಂತೆ ಗೀರುತ್ತಿತ್ತು. ಆ ಗೀರುಗಳನ್ನು ಕಣ್ಣಿನಿಂದ ಓದುವುದು ಅವರ ಉದ್ದೇಶವಾಗಿತ್ತೇ ಹೊರತು ಮತ್ತೆ ನುಡಿಸುವುದಲ್ಲ. 1860ರ ಏಪ್ರಿಲ್ 9ರಂದು ಹಾಗೆ ಗೀರಿದ ಜನಪದ ಹಾಡೊಂದನ್ನು 2008ರಲ್ಲಿ ಕಂಪ್ಯೂಟರಿನ ಮೂಲಕ ನುಡಿಸಿದಾಗ ಕೇಳಿದ್ದು ಹುಡುಗಿಯದೆನ್ನಬಹುದಾದ ಎಳೆಯ ದನಿ. ವೇಗ ತಿಳಿಯಲೆಂದು ಸ್ಕಾಟ್ ಪಕ್ಕದಲ್ಲೇ ಗೀರಿಸಿದ್ದ ಶ್ರುತಿಕವೆಯ (ತಟ್ಟಿದರೆ ಸದಾ ಒಂದೇ ವೇಗದಲ್ಲಿ ಅದುರುವ ಲೋಹದ ಕವೆ) ಕಂಪನಗಳನ್ನು ಎಣಿಸುವುದರಲ್ಲಿ ಎಡವಟ್ಟಾಗಿತ್ತು. ಈಗ ಕವೆ ಹೋಗಿ ಬರುವುದೆರಡೂ ಸೇರಿ ಒಂದು ಕಂಪನ, ಆಗಿನ ಫ್ರೆಂಚರು ಹೋಗುವುದನ್ನೊಂದು, ಬರುವುದನ್ನೊಂದು ಎಂದು ಎಣಿಸುತ್ತಿದ್ದರು. ತಿದ್ದಿ, ವೇಗವನ್ನು ಅರ್ಧಕ್ಕೆ ಇಳಿಸಿದಾಗ ನಿಧಾನವಾಗಿ ಹಾಡುತ್ತಿದ್ದ ಗಂಡಸಿನ ದನಿ ಹೊರಬಂತು, ಬಹುಶಃ ಸ್ಕಾಟ್ ಅವರದೇ. ನಿಜವಾಗಿ ಉಳಿದ ದನಿಯನ್ನೇ ಹೀಗೆ ತಪ್ಪಾಗಿ ಕೇಳಿಸಿಕೊಂಡಿದ್ದೆವು.

ತಮ್ಮ ಗೋಡೆಯಲ್ಲಿ ಅಂಥ ಗೀರಿಲ್ಲ. ಆದರೆ ಆ ಕೋಣೆ ಮಾತಿಗೆ ಹೇಗೆ ಮರುದನಿ ಕೊಡುತ್ತಿತ್ತು ಎಂಬುದು ಅದು ನಿಂತಿರುವವರೆಗೂ ಅಲ್ಲೇ ಇರುತ್ತದೆ, ಅದನ್ನು ಎತ್ತಿಡಬಹುದು. ಇಸ್ತಾಂಬುಲ್‌ನ ಪುರಾತನ ಪ್ರಾರ್ಥನಾ ಮಂದಿರ ಹಾಗಿಯಾ ಸೋಫಿಯಾದಲ್ಲಿ ಹಾಡಲು ಅನುಮತಿ ಇಲ್ಲದಿದ್ದಾಗ, ಸ್ಟ್ಯಾನ್‌ಫರ್ಡ್ ವಿಶ್ವವಿದ್ಯಾಲಯದ ತಂಡ 2010ರಲ್ಲಿ ಅಲ್ಲಿ ಬಲೂನುಗಳನ್ನು ಒಡೆಸಿ ಆ ಸದ್ದನ್ನು ಮುದ್ರಿಸಿಕೊಂಡಿತು. ಅದು ಪೂರ್ತಿ ಆರಲು ಸುಮಾರು 11 ಸೆಕೆಂಡು ಹಿಡಿಯಿತು. ಆ ಆರುವಿಕೆಯಿಂದ ಕಟ್ಟಡದ ಅನುರಣನವನ್ನು, ಎಂದರೆ ಸದ್ದು ನಿಂತ ಮೇಲೂ ಉಳಿದು ಮೆಲ್ಲಗೆ ಆರುವ ಮರುದನಿಯನ್ನು, ಗಣಿತದಿಂದ ಹಿಡಿದು, ಸಾಗರದಾಚೆಯ ಗಾಯಕರ ದನಿಗೆ ಬೆರೆಸಿದರು. ಪ್ಯಾರಿಸ್ಸಿನ ನೋತ್ರ್ ದಾಮ್ ಚರ್ಚಿನ ಅನುರಣನವನ್ನು 2013ರಲ್ಲಿ ಅಳೆದಿಟ್ಟವರಿಗೆ 2019ರ ಬೆಂಕಿಯ ಅರಿವಿರಲಿಲ್ಲ. ಆ ಅಳತೆ ಇದ್ದುದರಿಂದ ಸುಡುವ ಮುನ್ನ ಅದು ಹೇಗೆ ಕೇಳುತ್ತಿತ್ತೆಂಬುದು ಬರೀ ನೆನಪಿನ ಮಾತಾಗಲಿಲ್ಲ.

ಇದರಿಂದ ತಮ್ಮ ತಾಯಿಯವರ ದನಿ ಮರಳದು, ಮರಳುತ್ತದೆಂದು ಹೇಳಿದರೆ ನಾವು ಇನ್ನೊಂದು ಕತೆಯನ್ನು ವರದಿಯೆಂದು ಅಚ್ಚುಹಾಕಿದಂತೆ. ಆದರೂ ಸಾಮಾನು ಹೊರಹಾಕುವ ಮೊದಲು ಒಂದು ಕೆಲಸ ಮಾಡಿ. ಮಂಚ, ಪರದೆ, ಕಪಾಟುಗಳೂ ಸದ್ದನ್ನು ಹೀರುವುದರಿಂದ ಎಲ್ಲವೂ ಅವರಿದ್ದಾಗ ಇದ್ದಂತೆಯೇ ಇರಲಿ. ಬೀಸಣಿಗೆ ನಿಲ್ಲಿಸಿ, ಧ್ವನಿಮುದ್ರಕವನ್ನು ಗೋಡೆಯಿಂದ ದೂರ, ತಾವು ಕೂರುತ್ತಿದ್ದ ಜಾಗದಲ್ಲಿಡಿ. ಸದ್ದಿನ ಮಟ್ಟವನ್ನು ತಾನೇ ಏರಿಳಿಸುವ ಸೌಲಭ್ಯ ಅದರಲ್ಲಿದ್ದರೆ ಅದನ್ನು ಬಂದ್ ಮಾಡಿ. ತಾಯಿಯವರು ಮಲಗುತ್ತಿದ್ದ ಕಡೆ ಬಲೂನು ಒಡೆಯಿರಿ, ನಾಲ್ಕೈದು ಸಲ. ಅವರ ದನಿಗೆ ತೀರ ಹತ್ತಿರವಾದದ್ದು ಅಕ್ಕನ ದನಿ ಎಂದು ತಾವೇ ಬರೆದಿದ್ದೀರಿ. ಅದೇ ಜಾಗದಲ್ಲಿ ಅವರಿಂದ ತಮ್ಮನ್ನು ಹೆಸರು ಹಿಡಿದು ಕರೆಸಿ. ಕರೆದು ಮುಗಿದೊಡನೆ ಧ್ವನಿಮುದ್ರಕವನ್ನು ನಿಲ್ಲಿಸಬೇಡಿ, ಕೋಣೆ ಪೂರ್ತಿ ಸುಮ್ಮನಾಗುವವರೆಗೆ ಓಡಲಿ.

— ಸಂಪಾದಕ