‘ನೋಗಾ’ ಎಂದರೇನು?

ಪ್ರಶ್ನೆ: ‘ನೋಗಾ’ ಎಂಬ ಹೀಬ್ರೂ ಹುಡುಗಿಯ ಹೆಸರಿನ ಅರ್ಥವೇನು? ಇದು ಹಳೆಯ ಹೆಸರೇ?

ಉತ್ತರ: ಕಾಂತಿ, ಹೊಳಪು ಎಂದರ್ಥ. ಶುಕ್ರಗ್ರಹಕ್ಕೂ ಹೀಬ್ರೂವಿನಲ್ಲಿ ಇದೇ ಹೆಸರು. ಪದ ಹಳೆಯದೇ, ಆದರೆ ಬೈಬಲ್‌ನಲ್ಲಿ ಇದು ಗಂಡಿನ ಹೆಸರು: 1 ಪೂರ್ವಕಾಲವೃತ್ತಾಂತ 3:7ರಲ್ಲಿ ದಾವೀದನ ಮಗನೊಬ್ಬ ನೋಗಹ. ಹುಡುಗಿಯರಿಗೆ ಇಡುವುದು ಆಧುನಿಕ ಇಸ್ರೇಲಿನ ರೂಢಿ. ಹೀಬ್ರೂ ಬರಹದಲ್ಲಿ ಈ ಹೆಸರಿನ ಕೊನೆಗೆ ಬರುವ ‘ಹೇ’ (ಹ) ಅಕ್ಷರ ಕಂಡು ಸ್ತ್ರೀಲಿಂಗ ಪ್ರತ್ಯಯವೆಂದು ಭಾವಿಸುವವರುಂಟು. ಅಲ್ಲ, ನುನ್-ಗಿಮೆಲ್-ಹೇ ಎಂಬ ಧಾತುವಿನದೇ ಮೂರನೆಯ ಅಕ್ಷರ ಅದು. ಉಚ್ಚರಿಸುವಾಗ ಒತ್ತು ‘ನೋ’ ಮೇಲೆ ಬೀಳಬೇಕು.

ಬರೆಯುವಾಗ ಒಂದು ತೊಡಕಿದೆ. ನಡುವೆ ‘ವಾವ್’ (ಒ, ಉ ಸ್ವರಗಳೆರಡನ್ನೂ ಸೂಚಿಸಬಲ್ಲ ಹೀಬ್ರೂ ಅಕ್ಷರ) ಸೇರಿಸಿ, ಸ್ವರಚಿಹ್ನೆ ಬಿಟ್ಟರೆ ಅದನ್ನೇ ‘ನುಗೆ’ ಎಂದೂ ಓದಬಹುದು. ಅದರ ಅರ್ಥ ‘ದುಃಖಭರಿತ’! ವಾವ್ ಇಲ್ಲದೆ, ಮೂರೇ ಅಕ್ಷರಗಳಲ್ಲಿ ಬರೆದರೆ ಈ ಗೊಂದಲ ಕಡಿಮೆ.