ಕೆರೆಮನೆ ಶಿವರಾಮ ಹೆಗಡೆ ಅಂದ್ರೆ ಯಾರು, ಯಕ್ಷಗಾನದಲ್ಲಿ ಅವ್ರಿಗೆ ಯಾಕಷ್ಟು ದೊಡ್ಡ ಹೆಸರು?

ಹೊನ್ನಾವರ ತಾಲೂಕಿನ ಗುಣವಂತೆಯವ್ರು, ಹುಟ್ಟಿದ್ದು 1908ರಲ್ಲಿ. 1934ರಲ್ಲಿ ಇಡಗುಂಜಿ ಗಣಪತಿ ಹೆಸರಲ್ಲೇ ಮೇಳ ಕಟ್ಟಿದ್ರು, ಶ್ರೀ ಇಡಗುಂಜಿ ಮಹಾಗಣಪತಿ ಯಕ್ಷಗಾನ ಮಂಡಳಿ ಅಂತ. ಮೇಳ ಕಟ್ಟೋದಂದ್ರೆ ಭಾಗವತ್ರು (ಪದ್ಯ ಹಾಡಿ ಆಟ ನಡೆಸೋರು), ಚಂಡೆ-ಮದ್ದಲೆಯವ್ರು, ವೇಷಧಾರಿಗಳು, ಪೆಟ್ಟಿಗೆ ತುಂಬ ವೇಷಭೂಷಣ ಎಲ್ಲಾ ಹೊಂದಿಸ್ಕೊಂಡು ಊರೂರು ತಿರುಗಿ ರಾತ್ರಿಯಿಡೀ ಆಟ ಆಡೋದು, ಸುಲಭದ ಕೆಲ್ಸ ಅಲ್ವೇ ಅಲ್ಲ.

ಗದಾಯುದ್ಧ ಪ್ರಸಂಗದಲ್ಲಿ ಅವ್ರ ಕೌರವನ ಪಾತ್ರ ನೋಡಿದ ಹಿರಿಯರು ನಮ್ಮ ಕಡೆ ಇವತ್ತಿಗೂ ಅದ್ರ ಮಾತು ತೆಗೀತಾರೆ. ಕೌರವ ಎಲ್ಲಾ ಕಳ್ಕೊಂಡು ಸರೋವರದಲ್ಲಿ ಅಡಗಿರ್ತಾನೆ, ಭೀಮ ದಡದಲ್ಲಿ ನಿಂತು ಹಂಗಿಸ್ತಾನೆ, ಭಾಗವತ್ರು ಪದ್ಯ ಹೇಳ್ತಿದ್ದಂಗೆ ಒಂದೊಂದು ಸಾಲಿಗೂ ಅಭಿನಯ ಕೊಟ್ಟು ಆಮೇಲೆ ಬರೆದಿಟ್ಟಿಲ್ಲದ ಮಾತನ್ನ ಅಲ್ಲೇ ಕಟ್ಟಿ ಆಡ್ಬೇಕು. ಉತ್ತರ ಕನ್ನಡದ ಬಡಗುತಿಟ್ಟಿನಲ್ಲಿ, ಅಂದ್ರೆ ಯಕ್ಷಗಾನದ ಬಡಗಿನ ಶೈಲಿಯಲ್ಲಿ, ಈ ಅಭಿನಯಕ್ಕೇ ತೂಕ ಜಾಸ್ತಿ, ನನ್ ಪ್ರಕಾರ ಅವ್ರ ಹೆಸರು ನಿಂತಿರೋದೂ ಇದ್ರಿಂದ್ಲೇ.

1970ರ ಸಂಗೀತ ನಾಟಕ ಅಕಾಡೆಮಿ ಪ್ರಶಸ್ತಿ ಬಂತು. ತೀರಿಕೊಂಡಿದ್ದು 1992ರಲ್ಲಿ. ಮಗ ಶಂಭು ಹೆಗಡೆಯವ್ರೂ ದೊಡ್ಡ ಕಲಾವಿದ್ರು, ಈಗ ಮೊಮ್ಮಗ ಶಿವಾನಂದ ಹೆಗಡೆಯವ್ರು ಗುಣವಂತೆಯಿಂದ್ಲೇ ಮೇಳ ನಡೆಸ್ತಿದಾರೆ.