ನಿಮ್ಮ ಲೇಖನ ವಾಪಸ್ ಕಳಿಸ್ತಿದೀನಿ, ಆದ್ರೆ ಕೈಬಿಡಬೇಡಿ

ನಮಸ್ಕಾರ. ವಿಧಿ ಮತ್ತು ವಿಜ್ಞಾನದ ಬಗ್ಗೆ ನೀವು ಕಳಿಸಿದ ಲೇಖನ ಎರಡು ಸಲ ಓದಿದೆ. ಈಗಿರೋ ಹಾಗೆ ಹಾಕಕ್ಕಾಗಲ್ಲ. ಭಾಷೆ ಚೆನ್ನಾಗಿದೆ, ತೊಂದರೆ ಇರೋದು ವಾದದಲ್ಲಿ. ಕ್ವಾಂಟಮ್ ಮಟ್ಟದಲ್ಲಿ, ಅಂದ್ರೆ ಪರಮಾಣು ಮತ್ತು ಅದಕ್ಕಿಂತ ಚಿಕ್ಕ ಕಣಗಳ ಮಟ್ಟದಲ್ಲಿ, ಎಲ್ಲಾ ಆಕಸ್ಮಿಕ, ಅದಕ್ಕೇ ಮುಂದೇನಾಗುತ್ತೆ ಅಂತ ಹೇಳಕ್ಕಾಗಲ್ಲ, ಅದಕ್ಕೇ ವಿಜ್ಞಾನ ಯಾವುದನ್ನೂ ನಿಜವಾಗಿ ವಿವರಿಸಲ್ಲ ಅಂತ ಮೂರು ಮೆಟ್ಟಿಲು ಒಂದೇ ಉಸಿರಲ್ಲಿ ಹತ್ತಿಬಿಟ್ಟಿದೀರಿ. ಮೂರೂ ಬೇರೆ ಬೇರೆ ವಿಷಯ.

1961ರಲ್ಲಿ ಹವಾಮಾನ ವಿಜ್ಞಾನಿ ಎಡ್ವರ್ಡ್ ಲೊರೆಂಜ್ ತಮ್ಮ ಹವಾಮಾನದ ಮಾಡೆಲನ್ನ ಕಂಪ್ಯೂಟರಲ್ಲಿ ಮತ್ತೆ ಓಡಿಸುವಾಗ 0.506127 ಬದಲು 0.506 ಅಂತ ಹಾಕಿದ್ರು, ಸ್ವಲ್ಪ ಹೊತ್ತಲ್ಲೇ ಪೂರ್ತಿ ಬೇರೆ ಹವಾಮಾನ ಬಂತು. ಆ ಸಮೀಕರಣಗಳಲ್ಲಿ ಆಕಸ್ಮಿಕ ಅನ್ನೋದು ಒಂಚೂರೂ ಇರಲಿಲ್ಲ, ಆದ್ರೂ ಊಹೆಗೆ ಸಿಗಲಿಲ್ಲ. ಕಾರ್ಬನ್-14, ಅಂದ್ರೆ ತಾನಾಗೇ ಕ್ಷಯಿಸೋ ವಿಕಿರಣಶೀಲ ಇಂಗಾಲ, ಇದಕ್ಕೆ ಉಲ್ಟಾ. ಒಂದು ಪರಮಾಣು ಯಾವಾಗ ಕ್ಷಯಿಸುತ್ತೆ ಅಂತ ಯಾರಿಗೂ ಹೇಳಕ್ಕಾಗಲ್ಲ, ಆದ್ರೆ ರಾಶಿ ಪರಮಾಣು ಇದ್ರೆ ಸುಮಾರು 5,730 ವರ್ಷಕ್ಕೆ ಅರ್ಧ ಹೋಗಿರುತ್ತೆ, ಹಳೇ ಮೂಳೆಗಳ ವಯಸ್ಸು ಹೇಳೋದೇ ಇದರ ಮೇಲೆ.

ನನಗೆ ನಿಜವಾಗ್ಲೂ ಬೇಜಾರಾಗಿದ್ದು ವಿಜ್ಞಾನಿಗಳಾದ ಲೂರಿಯಾ ಮತ್ತು ಡೆಲ್‌ಬ್ರುಕ್ ಅವರ 1943ರ ಪ್ರಯೋಗನ ನೀವು ಕೊನೇಲಿ ಎರಡೇ ಸಾಲಲ್ಲಿ ಮುಗಿಸಿದ್ದು. ನಿಮ್ಮ ಇಡೀ ಲೇಖನದ ಜೀವ ಅಲ್ಲಿದೆ! ಬ್ಯಾಕ್ಟೀರಿಯಾನ ಬೇರೆ ಬೇರೆ ಟ್ಯೂಬಲ್ಲಿ ಬೆಳೆಸಿ, ಆಮೇಲೆ ಒಂದೊಂದನ್ನೂ ಬ್ಯಾಕ್ಟೀರಿಯಾನ ಕೊಲ್ಲೋ ವೈರಸ್ ಇರೋ ಪ್ಲೇಟಿಗೆ ಹಾಕಿದ್ರು. ವೈರಸ್ ತಾಗಿದ ಮೇಲೆ ಅದಕ್ಕೆ ಉತ್ತರವಾಗಿ ರೂಪಾಂತರ (ಮ್ಯುಟೇಶನ್, ಅಂದ್ರೆ ವೈರಸ್ ತಡ್ಕೊಳ್ಳೋ ಹಾಗೆ ಜೀನಲ್ಲಾಗೋ ಬದಲಾವಣೆ) ಹುಟ್ಟೋದಾದ್ರೆ ಎಲ್ಲಾ ಪ್ಲೇಟಲ್ಲೂ ಬದುಕುಳಿದವು ಹೆಚ್ಚುಕಮ್ಮಿ ಒಂದೇ ಲೆಕ್ಕ ಇರಬೇಕಿತ್ತು, ಆದ್ರೆ ಎಷ್ಟೋ ಪ್ಲೇಟಲ್ಲಿ ಸೊನ್ನೆ, ಕೆಲವದ್ರಲ್ಲಿ ರಾಶಿ ರಾಶಿ. ಅಂದ್ರೆ ರೂಪಾಂತರ ವೈರಸ್ ಬರೋಕೆ ಮುಂಚೆನೇ, ಯಾವಾಗ್ಲೋ ತಾನಾಗೇ ಆಗಿತ್ತು, ಬೇಗ ಆದ ಟ್ಯೂಬಲ್ಲಿ ಅದರ ಸಂತಾನ ಜಾಸ್ತಿ, ತಡವಾಗಿ ಆದ ಕಡೆ ಕಮ್ಮಿ. ಆ ಏರುಪೇರಿಗೆ ವಿವರಣೆನೇ ಆಕಸ್ಮಿಕ. ನೀವು ಆಕಸ್ಮಿಕ ಬಂದ್ರೆ ವಿವರಣೆ ಸತ್ತುಹೋಯ್ತು ಅಂತೀರಿ, ಇಲ್ಲಿ ಆಕಸ್ಮಿಕನ ಬಿಟ್ರೆ ವಿವರಣೆನೇ ಇಲ್ಲ!

ಇನ್ನೊಂದು, ಜೀವಶಾಸ್ತ್ರದಲ್ಲಿ 'ಯಾಕೆ' ಅನ್ನೋದಕ್ಕೆ ಎರಡು ಅರ್ಥ ಇದೆ. ಹಕ್ಕಿ ಯಾಕೆ ವಲಸೆ ಹೋಯ್ತು ಅಂದ್ರೆ ಹಗಲು ಚಿಕ್ಕದಾಯ್ತು, ಮೈಯೊಳಗೆ ಹಾರ್ಮೋನ್ ಬದಲಾಯ್ತು ಅನ್ನೋದೂ ಸರಿ, ಚಳಿಗಾಲಕ್ಕೆ ಅಲ್ಲೇ ಉಳಿದಿದ್ರೆ ಹಸಿವಲ್ಲಿ ಸಾಯ್ತಿದ್ವು, ಹೊರಟವುಗಳ ಸಂತಾನ ಉಳೀತು ಅನ್ನೋದೂ ಸರಿ. ಜೀವವಿಜ್ಞಾನಿ ಅರ್ನ್ಸ್ಟ್ ಮೇಯರ್ 1961ರಲ್ಲೇ ಇದನ್ನ ಬಿಡಿಸಿ ಹೇಳಿದ್ರು. ನೀವು ಒಂದನ್ನ ಒಪ್ಪಿದ್ರೆ ಇನ್ನೊಂದು ಸುಳ್ಳು ಅನ್ನೋ ಥರ ಬರೆದಿದೀರಿ, ತೆಗೀರಿ ಅದನ್ನ.

ಮೊದಲ ನಾಲ್ಕು ಪ್ಯಾರಾ ಪೂರ್ತಿ ಕಿತ್ತಾಕಿ, ಆ ಪ್ಲೇಟುಗಳಿಂದ ಶುರು ಮಾಡಿ. ಕ್ವಾಂಟಮ್ ಬೇಕೇ ಬೇಕು ಅಂದ್ರೆ ಕೊನೇಲಿ ಬರಲಿ. ಬರೆದು ಕಳಿಸಿ, ನಾನೇ ಕೂತು ಓದ್ತೀನಿ.